ಕೃಷ್ಣನ ಬಲಗಾಲು

ನೀವೂ ನನ್ನ ಹಾಗೆ ದಿನಾ ನೆಲ ಒರೆಸುವವರೇ ತಾನೇ? ಹಾಗಾದರೆ ಇದನ್ನು ಕೇಳಿ ನಿಮಗೂ ನಗು ಬಂದೀತು. ಹೋದ ವರ್ಷ ಕೃಷ್ಣಾಷ್ಟಮಿಗೆಂದು ಬೆಂಗಳೂರಿನಿಂದ ಬಂದಿದ್ದ ಮಗಳು ಮೊಬೈಲಿನಲ್ಲಿ ಒಂದು ಫೋಟೋ ತೋರಿಸಿದಳು. ಒಬ್ಬ ಹೆಂಗಸು ತನ್ನ ಉದ್ದ ಕೂದಲನ್ನು ಬಣ್ಣದ ಬಕೆಟ್ಟಿಗೆ ಅದ್ದಿ, ಮೊಣಕಾಲೂರಿ, ತಲೆಯಿಂದಲೇ ನೆಲ ಒರೆಸುತ್ತಿದ್ದಾಳೆ!

"ಅಮ್ಮಾ, ಇದು ಕಲೆ" ಅಂದಳು.

"ಹಾಗಿದ್ರೆ ನಂಗೆ ಇಪ್ಪತ್ನಾಲ್ಕು ವರ್ಷದ ಸಂಬಳ ಬಾಕಿ ಇದೆ ಅಂತ ನಿಮ್ಮಪ್ಪಂಗೆ ಹೇಳು" ಅಂದೆ ನಾನು.

ಆಕೆ ಜನೈನ್ ಆಂಟೋನಿ ಎಂಬ ಕಲಾವಿದೆಯಂತೆ, ಬಹಾಮಾಸ್ ದ್ವೀಪಗಳಲ್ಲಿ ಹುಟ್ಟಿದವಳು. 1993ರಲ್ಲಿ ಲಂಡನ್ನಿನ ಗ್ಯಾಲರಿಯೊಂದರಲ್ಲಿ ಹೀಗೆ ಮಾಡಿದಳು. ಬಕೆಟ್ಟಿನಲ್ಲಿದ್ದದ್ದು ನಾವು ನರೆಗೂದಲಿಗೆ ಹಚ್ಚುವಂಥ ಹೇರ್ ಡೈ. ಅವಳು ಒರೆಸುತ್ತಾ ಬಂದ ಹಾಗೆಲ್ಲ ನೋಡಲು ಬಂದವರು ಹಿಂದಕ್ಕೆ ಸರಿದು ಸರಿದು ಜಾಗ ಬಿಟ್ಟುಕೊಡಬೇಕಾಯಿತಂತೆ. ಒದ್ದೆ ನೆಲದ ಮೇಲೆ ಚಪ್ಪಲಿಗಾಲಲ್ಲಿ ಬರುವವರಿಗೆ ಹೀಗೇ ಆಗಬೇಕು! ಅದಕ್ಕೂ ಮೊದಲು, 1960ರಲ್ಲಿ, ಪ್ಯಾರಿಸ್ಸಿನಲ್ಲಿ ಈವ್ ಕ್ಲೈನ್ ಎಂಬಾತ ಹೆಂಗಸರ ಬರಿಮೈಗೆ ನೀಲಿ ಬಣ್ಣ ಬಳಿಸಿ, ಅವರನ್ನೇ ಕುಂಚ ಮಾಡಿ, ಕಾಗದದ ಮೇಲೆ ಅಚ್ಚೊತ್ತಿಸಿದ್ದ. ತಾನು ಮಾತ್ರ ಸೂಟು, ಬೋ ಟೈ ತೊಟ್ಟು, ಕೈಗೆ ಬಣ್ಣ ತಾಗಿಸದೆ ನಿಂತು ಅಪ್ಪಣೆ ಕೊಡುತ್ತಿದ್ದನಂತೆ. ನನಗಂತೂ ಬಕೆಟ್ಟು ತಾನೇ ಹಿಡಿದವಳೇ ಮೇಲು ಅನ್ನಿಸಿತು.

ಮೂಲೆಯ ಕುರ್ಚಿಯಲ್ಲಿ ಕೇಳಿಸಿಕೊಳ್ಳುತ್ತಿದ್ದ ಅತ್ತೆ, "ಆ ಹುಡುಗಿ ಕೂದ್ಲು ಹಾಳಾಗ್ಲಿಲ್ವೇನೇ?" ಅಂದರು.

ಅತ್ತೆಯವರಿಗೆ ಅದಕ್ಕೆ ಎರಡು ವರ್ಷ ಮೊದಲು ಲಕ್ವ ಹೊಡೆದು ಬಲಗೈ ಬಿದ್ದುಹೋಗಿತ್ತು. ಬೆರಳುಗಳು ಒಳಕ್ಕೆ ಮಡಿಚಿ ಮುಷ್ಟಿಯಾಗಿಯೇ ನಿಂತುಬಿಟ್ಟಿವೆ. ದಿನಾ ಬೆಳಿಗ್ಗೆ ಬಿಸಿನೀರಲ್ಲಿ ಒಂದೊಂದೇ ಬೆರಳು ಬಿಡಿಸಿ ತೊಳೆಯುವಾಗ ನಾವಿಬ್ಬರೂ ಮಾತಾಡುವುದಿಲ್ಲ. ಕಳಸದ ಈ ಮನೆಯಲ್ಲಿ ಅಡಿಕೆ ಸುಲಿದು ಚೊಗರು ಹಿಡಿದ, ಕಾಫಿ ಹಣ್ಣು ಕುಯ್ದ ಕೈ ಅದು. ಅಷ್ಟಮಿಗೆ ಹೊಸಿಲಿನಿಂದ ದೇವರ ಕೋಣೆಯವರೆಗೆ ಕೃಷ್ಣನ ಹೆಜ್ಜೆ ಮೂಡಿಸುತ್ತಿದ್ದದ್ದೂ ಅದೇ. ವಿಧಾನ ನಿಮಗೆ ಗೊತ್ತೇ ಇದೆ: ಅಕ್ಕಿಹಿಟ್ಟಿನ ನೀರಲ್ಲಿ ಮುಷ್ಟಿಯ ಕಿರುಬೆರಳ ಕಡೆಯ ಅಂಚನ್ನು ಅದ್ದಿ ಒತ್ತಿದರೆ ಪಾದ, ಬೆರಳ ತುದಿಯಿಂದ ಐದು ಚುಕ್ಕಿ ಇಟ್ಟರೆ ಕಾಲ್ಬೆರಳು. ಹಿಟ್ಟು ಮಜ್ಜಿಗೆಗಿಂತ ಗಟ್ಟಿ, ದೋಸೆ ಹಿಟ್ಟಿಗಿಂತ ತೆಳು ಇರಲಿ. ನಮ್ಮ ಕಡೆಯ ಶ್ರಾವಣದ ಮಳೆಯಲ್ಲಿ ನೀರಾದರೆ ಹರಡಿಬಿಡುತ್ತೆ.

ಆ ಸಲ ನಾನು ಮೂಡಿಗೆರೆಯಿಂದ ಹೆಜ್ಜೆಯ ಸ್ಟಿಕ್ಕರ್ ತಂದಿಟ್ಟಿದ್ದೆ. ಅವರ ಕಣ್ಣೆದುರೇ ನಾನು ಹೆಜ್ಜೆ ಹಾಕುವುದು ಹೇಗೆ ಎಂಬ ಸಂಕೋಚ.

ಮಗಳು ಇದ್ದಕ್ಕಿದ್ದ ಹಾಗೆ, "ಅಜ್ಜೀ, ನಿನ್ನ ಕೈ ರೆಡಿಯಾಗೇ ಇದೆಯಲ್ಲ!" ಅಂದುಬಿಟ್ಟಳು.

ನನ್ನ ಎದೆ ಧಸಕ್ಕೆಂದಿತು. ಅತ್ತೆ ಸುಮಾರು ಹೊತ್ತು ತಮ್ಮ ಕೈಯನ್ನೇ ನೋಡಿದರು. ಆಮೇಲೆ ನನ್ನ ಕಡೆ ತಿರುಗಿ, "ಹಿಟ್ಟು ಕಲಸು" ಅಂದರು.

ಕಾಫಿ ಗೋಣಿ ಮಡಿಸಿ, ಅದರ ಮೇಲೆ ಅತ್ತೆಯನ್ನು ಕೂರಿಸಿ, ಹೊಸಿಲಿನಿಂದ ಒಳಕ್ಕೆ ಕಾವಿ ನೆಲದ ಮೇಲೆ ಮಗಳು ಮೆಲ್ಲಗೆ ಎಳೆದಳು. ಅತ್ತೆ ಎಡಗೈಯಿಂದ ಬಲಗೈಯನ್ನು ಎತ್ತಿ, ಅದ್ದಿ, ಒತ್ತಿದರು. ಬಲಮುಷ್ಟಿಯಿಂದ ಬಲಗಾಲು ಮಾತ್ರ ಮೂಡುತ್ತದೆ ನೋಡಿ; ಎಡಗಾಲನ್ನು ಹಿಂದಿನಿಂದ ನಾನು ಹಾಕುತ್ತಾ ಬಂದೆ. ನನ್ನದು ಒಂದು ಸುತ್ತು ದೊಡ್ಡ ಮುಷ್ಟಿ. ಒಂಬತ್ತನೇ ಹೆಜ್ಜೆಗೆ ಅತ್ತೆಗೆ ಏದುಸಿರು ಬಂತು, ಅಲ್ಲಿಗೇ ನಿಲ್ಲಿಸಿದೆವು.

ಸಂಜೆ ತೋಟದಿಂದ ಬಂದ ನಮ್ಮವರು ನೆಲ ನೋಡಿ, "ಇದೇನು, ಕೃಷ್ಣ ಕುಂಟ್ತಾ ಬಂದು ನಡುಮನೆಯಲ್ಲೇ ನಿಂತ್ಬಿಟ್ಟಿದಾನೆ?" ಅಂದರು.

"ಸುಸ್ತಾಯ್ತಂತೆ ಕಣೋ," ಅಂದರು ಅತ್ತೆ, "ಚಕ್ಕುಲಿ ಅಲ್ಲಿಗೇ ತಂದಿಡೋಕೆ ಹೇಳು."