ಬ್ರಾಂಡ್‌ಬರ್ಗ್: ದೊಣೆಗಳ ನೀರಿನ ಮೇಲೆ ನಿಂತ ಬೆಟ್ಟ

ಎದುರಿಗೆ ಕಾಣ್ತಿದೆಯಲ್ಲ, ಅದೇ ಬ್ರಾಂಡ್‌ಬರ್ಗ್. ಆಫ್ರಿಕಾದ ನಮೀಬಿಯಾ ದೇಶದಲ್ಲೇ ಅತಿ ಎತ್ತರದ ಬೆಟ್ಟ. ಇದರ ತುದಿಗೆ ಕ್ಯೋನಿಗ್‌ಸ್ಟೈನ್ ಅಂತ ಹೆಸರು, ಎತ್ತರ 2,573 ಮೀಟರ್. ಉಯಿಸ್ ಅನ್ನೋ ತವರದ ಗಣಿಯ ಊರು ದಾಟಿ ಜಲ್ಲಿ ರಸ್ತೆಯಲ್ಲಿ ಬರ್ತಿದ್ದೀವಿ. ಸುತ್ತ ಬೆಟ್ಟಸಾಲಿಲ್ಲ. ಚಪ್ಪಟೆ ಬಯಲು, ಅದರ ನಡುವಿನಿಂದ ಸುಮಾರು 2,000 ಮೀಟರ್ ಮೇಲೆದ್ದ ಗ್ರಾನೈಟ್.

ಇದು ಹುಟ್ಟಿದ್ದು ಸುಮಾರು 13 ಕೋಟಿ ವರ್ಷಗಳ ಹಿಂದೆ. ಆಫ್ರಿಕಾ, ದಕ್ಷಿಣ ಅಮೆರಿಕ ಆಗಿನ್ನೂ ಸೀಳಿ ಬೇರೆಯಾಗ್ತಿದ್ದ ಕಾಲ. ನೆಲದಾಳದಿಂದ ಉಕ್ಕಿದ ಶಿಲಾರಸ ಒಳಗೇ ತಣಿದು ಗಟ್ಟಿಯಾಯಿತು. ಮೇಲೆ ಮುಚ್ಚಿದ್ದ ಬಂಡೆಗಳು ಕಾಲಾಂತರದಲ್ಲಿ ಸವೆದುಹೋದವು, ಗ್ರಾನೈಟ್ ಉಳಿಯಿತು. ಮಲ್ಪೆಯಿಂದ ದೋಣಿಯಲ್ಲಿ ಸೇಂಟ್ ಮೇರೀಸ್ ದ್ವೀಪಕ್ಕೆ ಹೋದವರು ಕಂಬ ಕಂಬವಾಗಿ ನಿಂತ ಬಂಡೆಗಳನ್ನು ನೋಡಿರ್ತೀರಿ. ಅವು ಇದಕ್ಕಿಂತ ಕಿರಿಯವು, ಭಾರತ ಮತ್ತು ಮಡಗಾಸ್ಕರ್ ಬೇರೆಯಾದ ಕಾಲದವು. ಗೊಂಡ್ವಾನಾ ಅನ್ನೋ ಒಂದೇ ಮಹಾಖಂಡ ಒಡೆದ ಗುರುತು ಅಲ್ಲೂ ಇದೆ, ಇಲ್ಲೂ ಇದೆ.

ಈಗ ತ್ಸಿಸಾಬ್ ಕಣಿವೆಯೊಳಗೆ ನಡೆಯೋಣ. ಬಂಡೆಯ ಮೇಲೆ ಬಿಸಿಲು ಕಾಯಿಸ್ತಿರೋ ಓತಿಕ್ಯಾತ ನೋಡಿ: ತಲೆ, ಬಾಲ ಕಿತ್ತಳೆ, ಮೈ ಕಡುನೀಲಿ. ಆ ಮುಳ್ಳುಕಳ್ಳಿಯ ಹಾಲು ವಿಷ, ಬೇಟೆಗಾರರು ಬಾಣಕ್ಕೆ ಹಚ್ಚುತ್ತಿದ್ದರು. ಕಾಗದದಂತೆ ಸಿಪ್ಪೆ ಸುಲಿಯುವ ಗಿಡಗಳು ನಮ್ಮ ಗುಗ್ಗುಳದ ದಾಯಾದಿಗಳು. ಈ ಸೀಮೆಯ ಕಲ್ಲುಗುಡ್ಡಗಳಲ್ಲಿ ನುಗ್ಗೆಯ ಜಾತಿಯ ಮರವೂ ಒಂದಿದೆ, ಊದಿದ ಕಾಂಡದಲ್ಲಿ ನೀರು ಕೂಡಿಟ್ಟುಕೊಂಡು ಬದುಕುತ್ತೆ.

ನೀರು ಅಂದೆನಲ್ಲ, ಈ ಬೆಟ್ಟದ ಜೀವ ಇರೋದೇ ಅದರಲ್ಲಿ. ಮಳೆ ಬೀಳೋದೇ ಅಪರೂಪ. ಬಯಲಿಗೆ ಬಿದ್ದದ್ದು ಮರಳಿಗೆ ಇಂಗಿ, ಬಿಸಿಲಿಗೆ ಆರಿ ಹೋಗುತ್ತೆ. ಗ್ರಾನೈಟ್ ನೀರು ಕುಡಿಯಲ್ಲ. ಹರಿದು ಬಂದದ್ದು ಮೇಲಿನ ದೊಣೆಗಳಲ್ಲಿ, ಬಂಡೆಯ ಬಿರುಕುಗಳಲ್ಲಿ ನಿಲ್ಲುತ್ತೆ. ಬಯಲು ಪೂರ್ತಿ ಒಣಗಿದಾಗ ಹಿಂದಿನ ಕಾಲದ ಪಶುಪಾಲಕರು ಮಂದೆ ಹೊಡೆದುಕೊಂಡು ಮೇಲಕ್ಕೆ ಹತ್ತುತ್ತಿದ್ದರು. ಗುಡಿಸಲು ಕಟ್ಟಲು ಅವರು ಸುತ್ತ ಜೋಡಿಸಿದ ಕಲ್ಲುಗಳು ಇಂದಿಗೂ ಅಲ್ಲಿವೆ.

ನೀರಿದ್ದಲ್ಲಿ ಜನ, ಜನರಿದ್ದಲ್ಲಿ ಬಂಡೆಯ ಮೇಲೆ ಚಿತ್ರ. ಹ್ಯಾರಾಲ್ಡ್ ಪಾಗರ್ ಎಂಬ ಕಲಾವಿದ 1977ರಿಂದ 1985ರಲ್ಲಿ ಸಾಯುವವರೆಗೂ ಈ ಬೆಟ್ಟದಲ್ಲೇ ಅಲೆದು, 879 ತಾಣಗಳ ಸುಮಾರು 43,000 ಆಕೃತಿಗಳನ್ನು ದಾಖಲಿಸಿದರು. ಒಬ್ಬ ಮನುಷ್ಯ ಒಂದು ಬೆಟ್ಟಕ್ಕೆ ಕೊಟ್ಟ ಇಂಥ ನಿಷ್ಠೆಗೆ ನನ್ನ ತಲೆ ತಾನಾಗಿಯೇ ಬಾಗುತ್ತೆ.

ಇಲ್ಲೊಂದು ಕೀಟದ ವಿಷಯ ಹೇಳಲೇಬೇಕು. ಮ್ಯೂಸಿಯಂಗಳಲ್ಲಿದ್ದ ಹಳೆಯ ಮಾದರಿಗಳು ಯಾವ ಗುಂಪಿಗೂ ಸೇರದೆ ವಿಜ್ಞಾನಿಗಳಿಗೆ ತಲೆನೋವಾಗಿದ್ದವು. 2002ರಲ್ಲಿ ಅದೇ ಬಗೆಯ ಕೀಟ ಈ ಬೆಟ್ಟದಲ್ಲಿ ಜೀವಂತ ಸಿಕ್ಕಿತು. ರೆಕ್ಕೆಯಿಲ್ಲ, ನೋಡಲು ಸ್ವಲ್ಪ ಸೂರ್ಯನ ಕುದುರೆ, ಸ್ವಲ್ಪ ಕಡ್ಡಿಹುಳ. ಜನ ಗ್ಲಾಡಿಯೇಟರ್ ಅಂತಾರೆ. ಚಿಟ್ಟೆ, ಪತಂಗಗಳೆಲ್ಲ ಸೇರಿ ಒಂದು ಗಣ ಆಗುತ್ತಲ್ಲ, ಹಾಗೆ ಇದಕ್ಕೆಂದೇ ಪ್ರತ್ಯೇಕ ಗಣ ಮಾಡಬೇಕಾಯಿತು. ಕೀಟಲೋಕಕ್ಕೆ ಹೊಸ ಗಣ ಸೇರಿ ಸುಮಾರು 90 ವರ್ಷಗಳೇ ಆಗಿದ್ದವು. ಇದರ ಮೊಟ್ಟೆಗಳೂ ಒಣ ನೆಲದಲ್ಲಿ ಮಳೆಗಾಗಿ ಕಾಯುತ್ತವೆ.

ಬಂದ್ವಿ. ಕಬ್ಬಿಣದ ಸರಳುಗಳ ಹಿಂದೆ ಇರೋದೇ ‘ವೈಟ್ ಲೇಡಿ’. 1918ರಲ್ಲಿ ಜರ್ಮನಿಯ ರೈನ್‌ಹಾರ್ಡ್ ಮಾಕ್ ಕಂಡ ಚಿತ್ರ. ಫ್ರಾನ್ಸಿನ ವಿದ್ವಾಂಸ ಆಬೆ ಬ್ರೇಯ್ ಇದನ್ನು ಮೆಡಿಟರೇನಿಯನ್ ಕಡೆಯಿಂದ ಬಂದ ಹೆಂಗಸು ಅಂದುಬಿಟ್ಟರು. ಈಗ ತಜ್ಞರು ಹೇಳೋದೇ ಬೇರೆ. ಇದು ಹೆಣ್ಣೂ ಅಲ್ಲ, ಪರದೇಶದ್ದೂ ಅಲ್ಲ. ಮೈಗೆ ಬಿಳಿ ಬಣ್ಣ ಬಳಿದುಕೊಂಡ ಗಂಡಸು, ಈ ನೆಲದವನೇ. ಆಫ್ರಿಕಾದ ಜನರ ಕೈಕೆಲಸವನ್ನು ಬೇರೆಯವರ ಲೆಕ್ಕಕ್ಕೆ ಬರೆದದ್ದು ಸಣ್ಣ ಅನ್ಯಾಯವಲ್ಲ.

ಬಣ್ಣ ಯಾಕೆ ಇಷ್ಟು ಮಾಸಿದೆ ಗೊತ್ತಾ? ಫೋಟೊದಲ್ಲಿ ಎದ್ದು ಕಾಣಲಿ ಅಂತ ವರ್ಷಗಟ್ಟಲೆ ಪ್ರವಾಸಿಗರು ಇದರ ಮೇಲೆ ನೀರು ಎರಚಿದರು. ಹನಿ ನೀರಿಗಾಗಿ ಬೆಟ್ಟ ಹತ್ತಿದವರು ಬರೆದ ಚಿತ್ರ ಅದು. ನೋಡಿ ಹೊಟ್ಟೆ ಉರಿಯುತ್ತೆ. ಸರಳು ಹಾಕಿದ್ದು ಸರಿ. ಈಗ ಸ್ಥಳೀಯ ಗೈಡ್ ಇಲ್ಲದೆ ಇಲ್ಲಿಗೆ ಬಿಡೋದಿಲ್ಲ, ಅದೂ ಸರಿ.

ಬಿಸಿಲೇರುವ ಮುಂಚೆ ಇಳಿಯಬೇಕು. ಮುಂದಿನ ವಿಡಿಯೊದಲ್ಲಿ ಬೆಟ್ಟದ ಉತ್ತರಕ್ಕೆ, ಉಗಾಬ್ ನದಿಗೆ ಹೋಗೋಣ. ಅದು ವರ್ಷದ ಬಹುಪಾಲು ಬರೀ ಮರಳು. ಆ ಪಾತ್ರದಲ್ಲಿ ಮರುಭೂಮಿಗೆ ಒಗ್ಗಿಕೊಂಡ ಆನೆಗಳಿವೆ, ಅವನ್ನು ಹುಡುಕೋಣ.