ಅವ್ವ ಅನ್ನೋ ಡೋಲು

ಡೋಲಿಗೆ 'ಅವ್ವ' ಅಂತ ಹೆಸರಿಟ್ಟ ಮಂದಿ ಸುದ್ದಿ ಕೇಳೀರೇನ್ರಿ? ಕ್ಯೂಬಾ ದೇಶದಾಗ ಬಾತಾ ಅಂತ ಮೂರು ಡೋಲು ಅವ. ಮೃದಂಗದಂಗ ತೊಡಿ ಮ್ಯಾಲೆ ಅಡ್ಡ ಇಟಗೊಂಡು ಎರಡೂ ಕಡೆ ಬಾರಸ್ತಾರ. ಎಲ್ಲಾಕಿಂತ ದೊಡ್ಡದರ ಹೆಸರು ಇಯಾ, ಅಂದ್ರ ಅವ್ವ. ಅವ್ವ ಕರದ್ರ ನಡುವಿನದು ಓ ಅಂತದ, ಸಣ್ಣದು ಬಿಡದಂಗ ತಾಳ ಹಿಡೀತದ. ಥೇಟ್ ನಮ್ಮ ಮನಿ ಸಂಸಾರನ!

ಈ ಡೋಲು ಅಲ್ಲಿಗೆ ಸುಖದಿಂದ ಬಂದದ್ದಲ್ಲ. ಕಬ್ಬಿನ ಹೊಲದಾಗ ದುಡಸಲಿಕ್ಕೆ ಆಫ್ರಿಕಾದಿಂದ ಜನಾನ್ನ ಹಡಗಿನ್ಯಾಗ ತುಂಬಿ ತಂದ್ರು. 1886ರ ತನಕಾ ಅಲ್ಲೆ ಗುಲಾಮಗಿರಿ ಇತ್ತು. ಯೊರುಬಾ ಮಂದಿ ತಮ್ಮ ದೇವರನ್ನ ಕ್ರೈಸ್ತ ಸಂತರ ಹೆಸರಿನ್ಯಾಗ ಮುಚ್ಚಿಟ್ಟು ಪೂಜಾ ಮಾಡಿದ್ರು. ಎಲ್ಲಾ ಕಸಗೊಂಡ ಮ್ಯಾಲೆ ಉಳದದ್ದು ಮೈ ಒಂದ ನೋಡ್ರಿ. ಸಮುದ್ರದ ತಾಯಿ ಯೆಮಾಯಾನ್ನ, ಸಿಡಿಲಿನ ದೇವರು ಚಾಂಗೋನ್ನ ಕುಣಿತದಾಗ ಜೋಪಾನ ಮಾಡಿದ್ರು. ಯೆಮಾಯಾ ಕುಣಿಯೂಮುಂದ ನೀಲಿ ಲಂಗ ಮೊದಲು ಸಣ್ಣ ತೆರಿಯಂಗ ಏಳತದ, ಆಮ್ಯಾಲೆ ಸಮುದ್ರನ ಉಕ್ಕಿ ಬಂದಂಗಾಗತದ. ಮರ್ಯಾದಸ್ಥರು ಅನ್ನಿಸಿಕೊಂಡವರು ಇದನ್ನ ಕೀಳು ಕುಣಿತ ಅಂತ ಮೂಗು ಮುರೀತಿದ್ರು.

1959ರಾಗ ರಾಮೀರೋ ಗೆರಾ ಅನ್ನೋರು ಹವಾನಾದಾಗ ಒಂದು ತಂಡ ಕಟ್ಟಿದ್ರು. ಈಗ ಅದರ ಹೆಸರು ದಾನ್ಸಾ ಕೊಂತೆಂಪೊರಾನೆಯಾ ದೆ ಕೂಬಾ. ಅವರು ಅಮೆರಿಕಾದ ಮಾರ್ಥಾ ಗ್ರಹಾಂ ಅವರ ಹತ್ರ ಕಲತವರು. ಆದ್ರ ಕಲತದ್ದನ್ನ ಹಂಗ ನಕಲು ಹೊಡೀಲಿಲ್ಲ. ಬಿಳಿಯರು, ಕರಿಯರು, ಎರಡೂ ರಕ್ತ ಕೂಡಿದವರು ಎಲ್ಲಾರನ್ನೂ ಒಂದ ಸಾಲಿನ್ಯಾಗ ನಿಲ್ಲಿಸಿ, 1960ರಾಗ 'ಸುಯಿತೆ ಯೊರುಬಾ' ಆಡಿಸಿದ್ರು. ಮಂದಿ ಹೀಯಾಳಿಸಿದ ಕುಣಿತ ದೊಡ್ಡ ರಂಗಮಂದಿರ ಏರಿತು. 1971ರಾಗ ಎದುವಾರ್ದೋ ರಿವೇರೋ ಮಾಡಿದ 'ಸುಲ್ಕಾರಿ'ಯೊಳಗ ಮೂರು ಜೋಡಿ ಕುಣೀತಾರ, ಆಫ್ರಿಕಾದ ಕಟಗೀ ಮೂರ್ತಿಗೆ ಜೀವ ಬಂದಂಗ.

ಅದ ವರ್ಷ ಗೆರಾ ಅವರ ಹೊಸಾ ನೃತ್ಯಕ್ಕ ಸರಕಾರದವರು ಅಡ್ಡ ಬಂದ್ರು. ತಾಲೀಮೆಲ್ಲಾ ಮುಗದಿತ್ತು, ಪ್ರದರ್ಶನ ಮಾತ್ರ ಆಗಲಿಲ್ಲ. ತಾವ ಕಟ್ಟಿದ ತಂಡ ಬಿಟ್ಟು ಅವರು ಹೊರಗ ನಡದ್ರು. ಆದ್ರ ಅವರು ಕಲಿಸಿದ್ದು ಹೋಗಲಿಲ್ಲ. ಆ ಪದ್ಧತಿಯ ಕ್ಲಾಸಿನ್ಯಾಗ ಡೋಲಿನವರು ಎದುರಿಗೇ ಕೂತು ಬಾರಸ್ತಾರ. ಬೆನ್ನಹುರಿ ಹಾವಿನಂಗ ಹರೀತದ. ನಡಾ, ಎದಿ, ಭುಜ ಒಂದೊಂದನ್ನೂ ಬ್ಯಾರೆ ಬ್ಯಾರೆ ಪಳಗಸ್ತಾರ. ಗ್ರಹಾಂ ಅವರ ಕಡೆಯಿಂದ ಬಂದ ಉಸಿರಿನ ಬಿಗಿ, ಬ್ಯಾಲೆಯ ಕಾಲು, ಯೊರುಬಾ ನಡಾ, ಮೂರೂ ಕೂಡಿ ಒಂದು ವಿದ್ಯಾ ಆಗೇದ.

ಇದನ್ನೆಲ್ಲಾ ಯಾಕ ಹೇಳಾಕತ್ತೀನಿ ಅಂದ್ರ, ನನ್ನ ತಂಗಿ ಮಗಳು ಬೆಂಗಳೂರಾಗ ಕಂಟೆಂಪರರಿ ಡಾನ್ಸ್ ಕಲೀಲಿಕ್ಕೆ ಹತ್ತ್ಯಾಳ. ಈ ತಂಡದ ವಿಡಿಯೋ ನನಗ ತೋರಿಸಿದಾಕಿನೂ ಆಕಿನ. ಭರತನಾಟ್ಯ ಅಂದ್ರ ನಮ್ಮನ್ಯಾಗ ಯಾರೂ ತಕರಾರು ಮಾಡತಿದ್ದಿಲ್ಲ. ಇದಕ್ಕ ಮಾತ್ರ "ನಡಾ ಬಳಕಸೂದೆಂಥಾ ವಿದ್ಯಾ? ನಾಳೆ ವರಾ ನೋಡಲಿಕ್ಕೆ ಬಂದವರು ಏನಂತಾರ?" ಅಂತ ಎಲ್ಲಾರೂ ಕೂಡಿ ಕ್ಲಾಸು ಬಿಡಸಲಿಕ್ಕೆ ನಿಂತೀರಿ. ಹಳಿಯಾಳ, ಯಲ್ಲಾಪುರದ ಸಿದ್ದಿ ಹೆಣ್ಣಮಕ್ಕಳು ಡಮಾಮಿ ಕುಣದ್ರ ನಾವ ಚಪ್ಪಾಳಿ ಹೊಡೀತೇವಿ. ಅವರ ಹಿರೇರೂ ಆಫ್ರಿಕಾದಿಂದ ಬಂದವರ. ಬ್ಯಾರೆಯವರ ಮೈಯಾಗ ಕಲಾ ಕಂಡದ್ದು ನಮ್ಮ ಹುಡುಗಿ ಮೈಯಾಗ ನಾಚಿಕಿ ಹ್ಯಾಂಗ ಆಗತದ?

ವೈನಿ, ನೀವೂ ಇದನ್ನ ಓದತೀರಂತ ಗೊತ್ತದ. ದೀಪಾವಳಿಗೆ ಆಕಿ ಊರಿಗೆ ಬರ್ತಾಳ. ಪಡಸಾಲಿ ಖುರ್ಚಿ ಎಲ್ಲಾ ಬಾಜೂಕ ಸರಿಸೋಣು. ಮೊದಲು ಆಕಿ ಕುಣಿಯೂದನ್ನ ಪೂರಾ ನೋಡ್ರಿ. ಕ್ಲಾಸಿನ ಮಾತು ಆಮ್ಯಾಲೆ, ಆಕಿನ್ನೂ ಎದುರಿಗೆ ಕೂಡಿಸಿಕೊಂಡ ಆಡೋಣು.