ಗುರುತು

ಸೇಡಮಿನ ಒಂದು ಹಳೆಯ ಮನೆಯಲ್ಲಿ, ಬೇಸಗೆಯ ಒಂದು ಸಂಜೆ, ಚಿಂಚೋಳಿಯ ಶಾಲೆಯಿಂದ ಎಂದೋ ನಿವೃತ್ತರಾದ ಉಪಾಧ್ಯಾಯರೊಬ್ಬರು ತಮ್ಮ ಪತ್ನಿಯನ್ನು ದಿಟ್ಟಿಸಿ ನೋಡಿ, ‘ತಾಯೀ, ತಾವು ಯಾರು? ನನ್ನಾಕೆಯನ್ನು ಎಲ್ಲಿಗೆ ಕಳುಹಿಸಿದಿರಿ?’ ಎಂದು ವಿನಯದಿಂದ ಕೇಳಿದರು. ಆ ವಿನಯವೇ ಮನೆಯವರ ಎದೆಯನ್ನು ನಡುಗಿಸಿತು. ಮುಖ ಅದೇ, ಸೀರೆ ಅದೇ, ಹಣೆಯ ಕುಂಕುಮವೂ ಅದೇ. ಆದರೂ ಈಕೆ ಆಕೆಯಲ್ಲ, ಆಕೆಯ ವೇಷವನ್ನು ಧರಿಸಿ ಬಂದ ಬೇರೊಬ್ಬಳು ಎಂಬುದು ಅವರ ನಿಶ್ಚಯ.

ದಿನಗಳೆದಂತೆ ಮನೆಯೂ ಸುಳ್ಳಾಯಿತು. ಶಹಾಬಾದಿನಿಂದ ತಾವೇ ನಿಂತು ತರಿಸಿ ಹಾಸಿದ ಕಲ್ಲುಗಳ ಮೇಲೆ ಕುಳಿತು, ‘ಇದು ನನ್ನ ಮನೆಯಂತೆಯೇ ಕಟ್ಟಿದ ಮತ್ತೊಂದು ಮನೆ; ನನ್ನನ್ನು ನನ್ನ ಮನೆಗೆ ಬಿಡಿರಿ’ ಎಂದು ಬೇಡುವರು. ಇರುಳು ವಾಡಿಯ ಕಡೆಗೆ ಹೋಗುವ ರೈಲಿನ ಕೂಗು ಕೇಳಿಸಿದೊಡನೆ ಗಂಟು ಕಟ್ಟಿಕೊಂಡು ಹೊರಡುವರು. ಚಿತ್ತಾಪುರದ ತೌರಿಗೆ ಹೋದ ಹೆಂಡತಿಯನ್ನು ಕರೆತರಬೇಕಂತೆ! ಆಕೆಯಾದರೋ ಕದದ ಬಳಿಯಲ್ಲಿಯೇ ಕಣ್ಣೀರೊರೆಸಿಕೊಳ್ಳುತ್ತ ನಿಂತಿರುವಳು.

ನೆರೆಹೊರೆಯವರು ಗಾಳಿಯೆಂದರು, ಗ್ರಹವೆಂದರು. ವೈದ್ಯಶಾಸ್ತ್ರವು ಬೇರೆಯಾಗಿ ಹೇಳುತ್ತದೆ. ಫ್ರಾನ್ಸಿನ ಕಾಪ್‌ಗ್ರಾ ಎಂಬ ವೈದ್ಯನು 1923ರಲ್ಲಿ ತನ್ನ ಸಹೋದ್ಯೋಗಿಯೊಡನೆ ಇಂತಹ ಭ್ರಾಂತಿಯನ್ನು ವರ್ಣಿಸಿದನು. ಅದಕ್ಕೆ ಅವನ ಹೆಸರೇ ನಿಂತಿತು. ಮುಖವನ್ನು ಅರಿಯುವ ಶಕ್ತಿ ಉಳಿದು, ಆ ಮುಖವನ್ನು ಕಂಡಾಗ ಏಳಬೇಕಾದ ಆಪ್ತಭಾವ ಮಾತ್ರ ಏಳದೆ ಹೋದರೆ, ಬುದ್ಧಿಯು ಆ ಕೊರತೆಗೊಂದು ಕಾರಣವನ್ನು ಕಲ್ಪಿಸಿಕೊಳ್ಳುವುದೆಂದು ಬಲ್ಲವರ ಊಹೆ. ಮುಪ್ಪಿನ ಮರೆವಿನ ರೋಗದಲ್ಲಿ ಇದು ಕೆಲವರಿಗೆ ತೋರುವುದುಂಟು. ಕಣ್ಣಿನ ದಾರಿ ಕೆಟ್ಟರೂ ಕಿವಿಯ ದಾರಿ ಕೆಲವೊಮ್ಮೆ ಕೆಡದೆ ಉಳಿಯುವುದು. ನರಶಾಸ್ತ್ರಜ್ಞರಾದ ವಿ. ಎಸ್. ರಾಮಚಂದ್ರನ್ ಅವರು ಕಂಡ ರೋಗಿಯೊಬ್ಬನು, ಎದುರಿಗೆ ಬಂದ ತಾಯಿಯನ್ನು ಸೋಗಿನವಳೆಂದನು. ಅವಳೇ ದೂರವಾಣಿಯಲ್ಲಿ ಮಾತಾಡಿದಾಗ ತಾಯಿಯೆಂದು ಅರಿತನು.

ಈ ಸಂಗತಿಯನ್ನು ಓದಿದ್ದ ಮಗಳು ತಾಯಿಗೆ ತಿಳಿಸಿದಳು. ಅಂದಿನ ರಾತ್ರಿ ಆ ವೃದ್ಧೆ ದೀಪವನ್ನು ಆರಿಸಿ, ಕದದ ಮರೆಯಲ್ಲಿ ನೆಲದ ಮೇಲೆ ಕುಳಿತು, ‘ಊಟವಾಯಿತೇ?’ ಎಂದಳು.

ಒಳಗೆ ಸ್ವಲ್ಪ ಹೊತ್ತು ಮೌನ. ಬಳಿಕ, ‘ಬಂದೆಯಾ? ಎಷ್ಟು ದಿನ ಮಾಡಿದೆ! ಇಲ್ಲಿ ಯಾರೋ ಒಬ್ಬಳು ನಿನ್ನ ಸೀರೆಯನ್ನುಟ್ಟು ತಿರುಗುತ್ತಿರುವಳು. ಪಾಪ, ಒಳ್ಳೆಯವಳು, ವೇಳೆಗೆ ಸರಿಯಾಗಿ ಅನ್ನ ಹಾಕುತ್ತಾಳೆ. ಅವಳನ್ನು ಗದರಿಸಬೇಡ’ ಎಂಬ ಉತ್ತರ ಬಂದಿತು.

‘ಇಲ್ಲ, ಗದರಿಸುವುದಿಲ್ಲ’ ಎಂದಳಾಕೆ.

ಅಂದಿನಿಂದ ಆ ಮನೆಯಲ್ಲಿ ರಾತ್ರಿಯಾಯಿತೆಂದರೆ ದೀಪವನ್ನು ಬೇಗನೆ ಆರಿಸುವರು.